ಹತ್ತನೆಯ ವಯಸ್ಸಿಗೆ ತಂದೆಯನ್ನು ಕಳೆದುಕೊಂಡ ಅರಸು



ಮಣ್ಣು ಕೊಟ್ಟು ಸಮಾಧಿಭೂಮಿಯಿಂದ ಹಿಂತಿರುಗುವಾಗ, ತೀರಿಕೊಂಡವರ ಹಿರಿಯ ಮಗನ ತಲೆ ನೇವರಿಸಿ, ಇನ್ನು ಮನೆಗೆ ನೀನೇ ದಿಕ್ಕು ಎಂದು ನಾವು ಹೇಳುವುದುಂಟು. ಗುರುವಾದ ನಾನೂ ಹೇಳಿದ್ದೇನೆ. ಆ ಹುಡುಗನಿಗೆ ಹತ್ತೋ ಹನ್ನೊಂದೋ ವರ್ಷ! ಆಮೇಲೆ ನನಗೆ ಮೈಸೂರಿನ ನಾಲ್ವಡಿ ಕೃಷ್ಣರಾಜ ಒಡೆಯರ ಬಾಲ್ಯ ನೆನಪಾಗುತ್ತದೆ. ನಮ್ಮ ಐನಾಪುರ ಆಗ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿತ್ತು, ನಮ್ಮ ಅಜ್ಜಂದಿರು ಒಡೆಯರ ಪ್ರಜೆಗಳಲ್ಲ. ಆದರೂ ಅವರ ಕಥೆ ನಮ್ಮ ಮನೆಗಳಿಗೂ ಸಲ್ಲುತ್ತದೆ.

ಅವರು ಹುಟ್ಟಿದ್ದು 1884ರ ಜೂನ್ 4ರಂದು. ತಂದೆ ಚಾಮರಾಜೇಂದ್ರ ಒಡೆಯರು 1894ರ ಡಿಸೆಂಬರಿನಲ್ಲಿ ಕಲ್ಕತ್ತೆಗೆ ಹೋಗಿದ್ದಾಗ ಗಂಟಲುಮಾರಿ ರೋಗ ತಗುಲಿ 28ರಂದು ತೀರಿಕೊಂಡರು. ಅವರಿಗಿನ್ನೂ 31 ವರ್ಷ. ಅಂತ್ಯಸಂಸ್ಕಾರವೂ ಕಲ್ಕತ್ತೆಯಲ್ಲೇ ಆಯಿತು. ಐದು ವಾರ ಕಳೆಯುವುದರೊಳಗೆ, 1895ರ ಫೆಬ್ರವರಿ 1ರಂದು, ಹತ್ತು ವರ್ಷದ ಬಾಲಕನಿಗೆ ಪಟ್ಟ ಕಟ್ಟಿದರು. ತಂದೆಗಾಗಿ ಅಳಬೇಕಾದ ಮಗು ಸಿಂಹಾಸನದ ಮೇಲೆ ಕೂರಬೇಕಾಯಿತು.

ಆದರೆ ಪಟ್ಟ ಮಗನಿಗಾದರೂ ಭಾರ ಹೊತ್ತವರು ತಾಯಿ ಕೆಂಪನಂಜಮ್ಮಣ್ಣಿಯವರು. ಮೂವತ್ತು ತುಂಬದ ಆ ವಿಧವೆ, ತಮ್ಮ ದುಃಖವನ್ನು ನುಂಗಿಕೊಂಡು, ರೀಜೆಂಟರಾಗಿ ರಾಜ್ಯ ನಡೆಸಿದರು. ದಿವಾನ್ ಶೇಷಾದ್ರಿ ಅಯ್ಯರ್ ಜೊತೆಗಿದ್ದರು. ರೀಜೆನ್ಸಿ ಮಂಡಲಿಯಲ್ಲಿ ನಮ್ಮ ಕಥೋಲಿಕ ಶ್ರೀಸಾಮಾನ್ಯರೊಬ್ಬರಿಗೂ ಸ್ಥಾನವಿತ್ತು, ಅವರೇ ಟಿ.ಆರ್.ಎ. ತಂಬುಚೆಟ್ಟಿಯವರು. ಇದನ್ನು ನಮ್ಮವರಲ್ಲೇ ಅನೇಕರು ಮರೆತಿದ್ದಾರೆ.

ಇತ್ತ ಹುಡುಗ ಹುಡುಗನಾಗಿಯೇ ಬೆಳೆದ. ಒಂಟಿಯಾಗಿ ಕೂರಿಸದೆ ಓರಗೆಯ ಹುಡುಗರ ಜೊತೆ ಪಾಠಕ್ಕೆ ಕೂರಿಸಿದರು. ಸ್ಟುವರ್ಟ್ ಫ್ರೇಸರ್ ಎಂಬವರು ಶಿಕ್ಷಕರು. ಸಹಪಾಠಿಗಳಲ್ಲಿ ಮಿರ್ಜಾ ಇಸ್ಮಾಯಿಲ್ ಒಬ್ಬರು. ಆ ಗೆಳೆತನ ಎಷ್ಟು ಗಟ್ಟಿಯೆಂದರೆ 1926ರಲ್ಲಿ ಅವರೇ ದಿವಾನರಾದರು. ನಡುವೆ 1897ರಲ್ಲಿ ಹಳೆಯ ಅರಮನೆಯೂ ಬೆಂಕಿಗೆ ಆಹುತಿಯಾಯಿತು. ತಂದೆಯೂ ಇಲ್ಲ, ತಂದೆ ಓಡಾಡಿದ ಮನೆಯೂ ಇಲ್ಲ. ತಾಯಿ ಮಾತ್ರ ಇದ್ದರು.

ಏಳೂವರೆ ವರ್ಷ ಆಳಿದ ಮೇಲೆ, 1902ರ ಆಗಸ್ಟ್ 8ರಂದು, ಹದಿನೆಂಟು ತುಂಬಿದ ಮಗನಿಗೆ ಅವರು ಅಧಿಕಾರ ಬಿಟ್ಟುಕೊಟ್ಟರು. ಹಿಡಿದುಕೊಳ್ಳುವುದಕ್ಕಿಂತ ಬಿಟ್ಟುಕೊಡುವುದು ತಾಯಂದಿರಿಗೆ ಕಷ್ಟ. ಮುಂದೆ ಕನ್ನಂಬಾಡಿ ಕಟ್ಟೆ, 1916ರ ಮೈಸೂರು ವಿಶ್ವವಿದ್ಯಾನಿಲಯ, ಇವೆಲ್ಲ ನಿಮಗೆ ಗೊತ್ತಿರುವ ಸಂಗತಿಗಳೇ.

1933ರ ಅಕ್ಟೋಬರ್ 28ರಂದು ಮೈಸೂರಿನ ಸಂತ ಫಿಲೋಮಿನಾ ದೇವಾಲಯಕ್ಕೆ ಅಡಿಗಲ್ಲು ಇಟ್ಟವರೂ ಅವರೇ. ಮರುವರ್ಷ ತಾಯಿ ತೀರಿಕೊಂಡರು. ಆ ವೇಳೆಗೆ ಮಗನಿಗೆ ಐವತ್ತರ ಆಸುಪಾಸು.