ನಗೆಯ ಹಿಂದಿನ ಲೇಖನಿ: ಚಿ. ಉದಯಶಂಕರ್

ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿಗಳ ಚಿತ್ರಮಂದಿರಗಳಲ್ಲಿ ನರಸಿಂಹರಾಜು, ಬಾಲಕೃಷ್ಣ, ದ್ವಾರಕೀಶ್ ತೆರೆಗೆ ಬಂದೊಡನೆ ಪ್ರೇಕ್ಷಕರು ನಗಲು ಸಿದ್ಧರಾಗುತ್ತಿದ್ದ ಕಾಲವೊಂದಿತ್ತು. ನಕ್ಕವರು ನಟರನ್ನು ನೆನಪಿಟ್ಟುಕೊಂಡರು. ಆ ನಟರಿಗೆ ಮಾತು ಬರೆದುಕೊಟ್ಟವರ ಹೆಸರು ಚಿತ್ರದ ಆರಂಭದಲ್ಲಿ ಮೂಡಿ ಮರೆಯಾಗುತ್ತಿತ್ತು. ಹೀಗೆ ತೆರೆಯ ಹಿಂದೆ ನಿಂತು ಕನ್ನಡಿಗರನ್ನು ನಗಿಸಿದವರಲ್ಲಿ ಚಿ. ಉದಯಶಂಕರ್ ಪ್ರಮುಖರು.

1934ರ ಫೆಬ್ರವರಿ 18ರಂದು ಜನಿಸಿದ ಉದಯಶಂಕರ್ ಅವರಿಗೆ ಬರವಣಿಗೆ ಮನೆಯಲ್ಲೇ ದೊರೆತ ವಿದ್ಯೆ. ತಂದೆ ಚಿ. ಸದಾಶಿವಯ್ಯನವರೂ ಚಿತ್ರಸಾಹಿತಿಗಳು. 1963ರಲ್ಲಿ ತೆರೆಕಂಡ ‘ಸಂತ ತುಕಾರಾಂ’ ಚಿತ್ರದಿಂದ ಗುರುತಿಸಿಕೊಂಡ ಅವರು ಮುಂದಿನ ಮೂರು ದಶಕಗಳ ಕಾಲ ಸಂಭಾಷಣೆ ಹಾಗೂ ಗೀತರಚನೆಗಳೆರಡರಲ್ಲೂ ದುಡಿದರು. ಡಾ. ರಾಜ್‌ಕುಮಾರ್ ಅವರ ಚಿತ್ರಗಳಿಗೆ ಅವರ ಲೇಖನಿ ಅನಿವಾರ್ಯವೆನಿಸಿತು.

ಹಾಸ್ಯ ಸಂಭಾಷಣೆಯ ಕಷ್ಟ ಹೊರಗಿನವರಿಗೆ ತೋರುವುದಿಲ್ಲ. ಬಾಲಕೃಷ್ಣ ಅವರಿಗೆ ಕಿವಿ ಮಂದ; ಎದುರಿನವರ ತುಟಿಯ ಚಲನೆಯನ್ನು ಗಮನಿಸಿ ತಮ್ಮ ಮಾತಿನ ಸರದಿಯನ್ನು ಅರಿಯುತ್ತಿದ್ದರು. ದ್ವಾರಕೀಶ್ ತಮ್ಮ ಕುಳ್ಳ ದೇಹವನ್ನೇ ಬಂಡವಾಳವಾಗಿಸಿಕೊಂಡಿದ್ದರು. ಒಬ್ಬರಿಗೆ ಒಪ್ಪುವ ಮಾತು ಮತ್ತೊಬ್ಬರಿಗೆ ಒಗ್ಗದು. ನಟನ ದೇಹ, ದನಿ, ವೇಗಗಳನ್ನು ಅರಿತು ಬರೆದಾಗಲೇ ನಗೆ ಸಹಜವಾಗುತ್ತದೆ.

ಉದಯಶಂಕರ್ ಅವರ ಹಾಡುಗಳಲ್ಲಿಯೂ ಈ ಅರಿವಿದೆ. 1974ರ ‘ಸಂಪತ್ತಿಗೆ ಸವಾಲ್’ ಚಿತ್ರದಲ್ಲಿ ನಾಯಕ ಎಮ್ಮೆಯ ಮೇಲೆ ಕುಳಿತು ಹಾಡುವ ವಿನೋದಗೀತೆ ಅವರದು. ರಾಜ್‌ಕುಮಾರ್ ಅವರನ್ನು ಹಿನ್ನೆಲೆ ಗಾಯಕರನ್ನಾಗಿ ನೆಲೆಗೊಳಿಸಿದ್ದು ಇದೇ ಹಾಡು. 1981ರ ‘ಗುರು ಶಿಷ್ಯರು’ ಚಿತ್ರದಲ್ಲಿ ದಡ್ಡ ಶಿಷ್ಯರ ಬಾಯಿಂದಲೇ ಹಿರಿಯರ ಜಾಣತನವನ್ನು ಪ್ರಶ್ನಿಸಿದ ಹಾಡೂ ಅವರದೇ.

ಅದೇ ಲೇಖನಿ 1971ರ ‘ಕಸ್ತೂರಿ ನಿವಾಸ’ದಲ್ಲಿ ಪ್ರೇಕ್ಷಕರ ಕಣ್ಣನ್ನು ತೇವಗೊಳಿಸಿತ್ತು. ಅಳಿಸಬಲ್ಲವರಿಗೆ ನಗಿಸುವುದೂ ಸಾಧ್ಯವೆಂಬುದಕ್ಕೆ ಇದು ನಿದರ್ಶನ. ಸಣ್ಣಪುಟ್ಟ ಪಾತ್ರಗಳಲ್ಲಿ ಅವರು ಸ್ವತಃ ತೆರೆಯ ಮೇಲೂ ಕಾಣಿಸಿಕೊಂಡರು.

1993ರ ಜುಲೈ 2ರಂದು, 59ನೆಯ ವಯಸ್ಸಿನಲ್ಲಿ ಅವರು ನಿಧನರಾದರು.

ಆಕಾಶವಾಣಿಯಲ್ಲಿ ಚಿತ್ರಗೀತೆ ಪ್ರಸಾರವಾಗುವ ಮುನ್ನ ಗೀತರಚನಕಾರರ ಹೆಸರು ಹೇಳುವ ಸಂಪ್ರದಾಯವಿದೆ. ಹೀಗಾಗಿ ಕವಿಯಾಗಿ ಉದಯಶಂಕರ್ ಮನೆಮನೆಗೂ ಪರಿಚಿತರಾದರು. ನಗೆಮಾತಿಗೆ ಅಂತಹ ಭಾಗ್ಯವಿಲ್ಲ. ನಟ ಆ ಕ್ಷಣಕ್ಕೆ ತಾನೇ ಹೊಳೆಯಿಸಿಕೊಂಡು ಆಡಿದನೆಂದು ಪ್ರೇಕ್ಷಕ ನಂಬಿದಾಗಲೇ ಅದು ಗೆದ್ದಂತೆ. ಆ ಗೆಲುವಿಗಾಗಿ ಬರೆದವರು ತಮ್ಮ ಹೆಸರನ್ನೇ ಬಿಟ್ಟುಕೊಡಬೇಕಾಗುತ್ತದೆ. ಉದಯಶಂಕರ್ ಅದನ್ನು ಮೂರು ದಶಕಗಳ ಕಾಲ ಬಿಟ್ಟುಕೊಟ್ಟರು.