ಏಳು ಬೀಜಗಳ ಬಾಬಾ ಬುಡನ್

ಬೆಳಗಿನ ಕಾಫಿ ಕುಡಿಯುವಾಗ ನಿಮಗೆ ಎಂದಾದರೂ ಹಜ್ರತ್ ಬಾಬಾ ಬುಡನ್ ಅವರ ನೆನಪಾಗಿದೆಯೇ? ಚಿಕ್ಕಮಗಳೂರು, ಮೂಡಿಗೆರೆ, ಕಳಸದ ಮಕ್ಕಳಿಗೆ ಅವರ ಕಥೆ ಅಜ್ಜಿಯಿಂದಲೇ ಗೊತ್ತು.

17ನೇ ಶತಮಾನದಲ್ಲಿ ಈ ಸೂಫಿ ಸಂತರು ಹಜ್ ಯಾತ್ರೆ ಮುಗಿಸಿ ಮರಳುವಾಗ ಯೆಮನ್ ದೇಶದಿಂದ ಏಳು ಕಾಫಿ ಬೀಜ ತಂದು, ಚಂದ್ರದ್ರೋಣ ಪರ್ವತದಲ್ಲಿ ತಮ್ಮ ಗುಡಿಸಲಿನ ಬಳಿ ಬಿತ್ತಿದರು ಎಂಬುದು ಹಿರಿಯರಿಂದ ಬಂದ ಮಾತು. ಮೈಸೂರು ಗೆಜೆಟಿಯರ್ ಬರೆದ ಬಿ.ಎಲ್. ರೈಸ್ ಬಾಬಾ ಕಾಫಿ ತಂದ ಕಥೆಯನ್ನು 1870ರ ದಶಕದಲ್ಲಿ ದಾಖಲಿಸಿದರು. ಬೆಟ್ಟಕ್ಕೆ ಅವರ ಹೆಸರೇ ನಿಂತಿತು.

ಯೆಮನಿನವರು ಮೊಳೆಯುವ ಬೀಜವನ್ನು ಹೊರಗೆ ಬಿಡುತ್ತಿರಲಿಲ್ಲವಂತೆ. ಹುರಿದೋ ಬೇಯಿಸಿಯೋ ಮಾರುತ್ತಿದ್ದರಂತೆ. ಹಾಗಾಗಿ ಬಾಬಾ ಗುಟ್ಟಾಗಿ ತಂದರು ಎನ್ನುತ್ತಾರೆ. ಹಾಗಾದರೆ ಇದು ಕಳ್ಳತನವಲ್ಲವೇ ಎಂದು ನೀವು ಕೇಳಬಹುದು. ಕೇಳಲೇಬೇಕಾದ ಪ್ರಶ್ನೆ. ಆದರೆ ಆ ಗಿಡ ಯೆಮನಿನದೂ ಅಲ್ಲ, ಅದು ಇಥಿಯೋಪಿಯದ ಕಾಡಿನದು. ಯೆಮನಿನ ಸೂಫಿಗಳು 15ನೇ ಶತಮಾನದಲ್ಲಿ ರಾತ್ರಿಯ ಝಿಕ್ರ್‌ಗೆ ನಿದ್ದೆ ಬರದಿರಲೆಂದು ಅದರ ಪಾನೀಯ ಕುಡಿದರು. ಬೆಟ್ಟದ ಇಳಿಜಾರಿನಲ್ಲಿ ಮೆಟ್ಟಿಲು ಕಟ್ಟಿ ಬೆಳೆಸಿದವರು ಅಲ್ಲಿನ ರೈತರು. 1753ರಲ್ಲಿ ಲಿನೇಯಸ್ ಈ ಗಿಡಕ್ಕೆ ಅರೇಬಿಕಾ ಎಂದು ಹೆಸರಿಟ್ಟಾಗ ಇಥಿಯೋಪಿಯದ ಪಾಲು ಹೆಸರಿನಿಂದಲೇ ಅಳಿಸಿಹೋಯಿತು. ಬಾಬಾರಿಗೆ ಸಲ್ಲಬೇಕಾದುದು ಕಾಫಿಯನ್ನು ಕಂಡುಹಿಡಿದ ಕೀರ್ತಿಯಲ್ಲ, ದೂರದ ಬೀಜ ಈ ಮಣ್ಣಿಗೂ ಹೊಂದೀತು ಎಂದು ನಂಬಿ ತಂದ ಕೀರ್ತಿ. ಅದೇ ಸಾಕಷ್ಟು ದೊಡ್ಡದು.

ಮುಂದೆ 1690ರ ದಶಕದಲ್ಲಿ ಡಚ್ಚರು ಮಲಬಾರಿನಿಂದ ಜಾವಾಕ್ಕೆ ಕಾಫಿ ಸಸಿ ಒಯ್ದರು. ಅಲ್ಲಿಂದ 1706ರಲ್ಲಿ ಒಂದು ಗಿಡ ಆಮ್‌ಸ್ಟರ್‌ಡ್ಯಾಮಿಗೆ ಹೋಯಿತು. ಅದರ ಸಂತತಿ ಅಮೆರಿಕ ಖಂಡದವರೆಗೂ ಹಬ್ಬಿತು. ಜಗತ್ತು ಜಾವಾದ ಕಾಫಿಯನ್ನು ಹೊಗಳಿತು. ಮಲಬಾರಿನ ಹೆಸರನ್ನು ಯಾರು ಎತ್ತಿದರು?

ನಮ್ಮ ಬೆಟ್ಟಗಳಲ್ಲೂ ಅದೇ ನಡೆಯಿತು. 19ನೇ ಶತಮಾನದಲ್ಲಿ ಕ್ಯಾನನ್ ಮುಂತಾದ ಇಂಗ್ಲಿಷ್ ದೊರೆಗಳು ದೊಡ್ಡ ತೋಟಗಳನ್ನು ಎಬ್ಬಿಸಿದರು. ಚಿಕ್ ಎಂದು ಕರೆಯುತ್ತಿದ್ದ ಹಳೆಯ ತಳಿ ಕಾಂಡಕೊರಕ ಮತ್ತು ಎಲೆತುಕ್ಕು ರೋಗಕ್ಕೆ ಸೋತಿತು. ಬಳಿಕ ಕೆಂಟ್ ದೊರೆಯ ತೋಟದಲ್ಲಿ ಆರಿಸಿದ ತಳಿಗೆ ಕೆಂಟ್ಸ್ ಎಂದೇ ಹೆಸರಾಯಿತು. ದೊರೆಗಳ ಹೆಸರು ತಳಿಗೂ ಪುಸ್ತಕಕ್ಕೂ ಸೇರಿತು. ಘಟ್ಟದ ಕೆಳಗಿನಿಂದ ಬಂದು, ಮಳೆಯಲ್ಲಿ ಕಂಬಳಿ ಹೊದ್ದು ಗುಂಡಿ ತೋಡಿ, ಮರಗಸಿ ಮಾಡಿ, ಹಣ್ಣು ಕೊಯ್ದ ಆಳುಗಳ ಹೆಸರು ಯಾವ ಗೆಜೆಟಿಯರಿನಲ್ಲೂ ಇಲ್ಲ. ನಿಮ್ಮ ಮನೆಯಲ್ಲಿ ಅಂಥ ಹಿರಿಯರೊಬ್ಬರಿದ್ದರೆ ಈ ರಜೆಯಲ್ಲಿ ಅವರ ಪಕ್ಕ ಕೂತು ಕೇಳಿ, ಬರೆದಿಡಿ.