ಊರು ಕಟ್ಟಿದ ಸ್ಟೆನೊಗ್ರಾಫರ್

ಗಾರ್ಡನ್ ಸಿಟಿ ಪರಿಕಲ್ಪನೆಯ ಜನಕ ಯಾರು? ಸ್ಪರ್ಧಾತ್ಮಕ ಪರೀಕ್ಷೆಗೆ ಓದುವ ನಾವೆಲ್ಲ ಎಬೆನೆಜರ್ ಹೋವರ್ಡ್ ಎಂದು ಬಾಯಿಪಾಠ ಮಾಡಿರುತ್ತೇವೆ. ಆತ ಎಂಜಿನಿಯರ್ ಅಲ್ಲ, ವಾಸ್ತುಶಿಲ್ಪಿಯೂ ಅಲ್ಲ ಎಂದು ತಿಳಿದ ಮೇಲೆ ನನಗೆ ಆತನ ಮೇಲೆ ಪ್ರೀತಿ ಹುಟ್ಟಿತು.

1850ರಲ್ಲಿ ಲಂಡನ್‌ನಲ್ಲಿ ಜನಿಸಿದ ಹೋವರ್ಡ್ 15ಕ್ಕೇ ಶಾಲೆ ಬಿಟ್ಟು ಗುಮಾಸ್ತನಾದ. 21ರಲ್ಲಿ ಅಮೆರಿಕಕ್ಕೆ ಹೋಗಿ, ನೆಬ್ರಾಸ್ಕಾದಲ್ಲಿ ಬೇಸಾಯ ಮಾಡಿ ಕೈಸುಟ್ಟುಕೊಂಡ. ಕೈಹಿಡಿದದ್ದು ತಾನೇ ಕಲಿತಿದ್ದ ಶಾರ್ಟ್‌ಹ್ಯಾಂಡ್. 1876ರಲ್ಲಿ ಮರಳಿ ಬಂದು ಸಂಸತ್ತಿನ ಭಾಷಣ ಬರೆದುಕೊಳ್ಳುವ ಕೆಲಸ ಹಿಡಿದ. ಅವರಿವರ ಮಾತು ಬರೆಯುತ್ತಿದ್ದವನು 1898ರಲ್ಲಿ, ಸ್ನೇಹಿತನಿಂದ ಸಾಲ ಪಡೆದು, ತನ್ನದೇ ಪುಸ್ತಕ ತಂದ.

6,000 ಎಕರೆಯಲ್ಲಿ ಊರಿಗೆ 1,000 ಎಕರೆ, ಉಳಿದದ್ದು ಹೊಲ. 32,000 ಜನ. ನಡುವೆ ಎಲ್ಲರಿಗೂ ಸೇರಿದ ಉದ್ಯಾನ. ಬೆಂಗಳೂರನ್ನು ನಾವು ಉದ್ಯಾನನಗರಿ ಎನ್ನುವುದು ಮರಗಳಿಗಾಗಿ. ಹೋವರ್ಡ್‌ಗೆ ಮರಕ್ಕಿಂತ ಮುಖ್ಯವಾಗಿದ್ದದ್ದು ಬಾಡಿಗೆ. ಜಮೀನು ಇಡೀ ಊರಿನದು. ಊರು ಬೆಳೆದಂತೆ ಏರುವ ನೆಲದ ಬೆಲೆ ಮಾಲೀಕನ ಜೇಬಿಗಲ್ಲ, ಊರಿನ ಖರ್ಚಿಗೆ. ಪಿಜಿ ಬಾಡಿಗೆ ಕಟ್ಟುವವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

1903ರಲ್ಲಿ ಲೆಚ್‌ವರ್ತ್ ಶುರುವಾಯಿತು. ಅಲ್ಲಿ ಒಂದೇ ಅಡುಗೆಮನೆ, ಒಂದೇ ಊಟದ ಮನೆಯಿರುವ ವಸತಿ ಕಟ್ಟಿಸಿ ತಾನೂ ಅಲ್ಲೇ ವಾಸಿಸಿದ. ಆದರೆ ಕಡುಬಡವರಿಗೆ ಊರಿನ ಬಾಡಿಗೆ ದುಬಾರಿಯೇ ಆಯಿತು. 1919ರಲ್ಲಿ, 69ನೇ ವಯಸ್ಸಿನಲ್ಲಿ, ಸಾಕಷ್ಟು ಹಣವಿಲ್ಲದೆಯೇ ಹರಾಜಿನಲ್ಲಿ ವೆಲ್ವಿನ್‌ಗೆ ಜಮೀನು ಕೂಗಿದ. ಕಡಿಮೆ ಬಿದ್ದದ್ದಕ್ಕೆ ಮತ್ತೆ ಸಾಲ!

1927ರಲ್ಲಿ ‘ಸರ್’ ಪದವಿ ಬಂತು. ಮರುವರ್ಷ ವೆಲ್ವಿನ್‌ನಲ್ಲೇ ತೀರಿಕೊಂಡ. ಲೆಚ್‌ವರ್ತ್‌ನ ಆಸ್ತಿಯ ಆದಾಯ ಇಂದಿಗೂ ಆ ಊರಿಗೇ ಖರ್ಚಾಗುತ್ತಿದೆ.